ಹಳೆ ಪೇಟೆಯ ಗೋಡೆ ಅಳೆಯಲು ಹೋದಾಗ

ಹಳೆಯ ಕಟ್ಟಡದ ಮುಂದೆ ಟೇಪು ಬಿಚ್ಚಿ, ಏನೂ ಆಗದೆ ನಾನು ಮನೆಗೆ ಬಂದ ದಿನ ನೆನಪಿಲ್ಲ. ಘಟಪ್ರಭಾದಲ್ಲಿ ನನ್ನದೊಂದು ಸಣ್ಣ ಆಫೀಸು. ಸುತ್ತಲಿನ ಊರುಗಳ ಹಳೆ ಪೇಟೆಗಳಲ್ಲಿ ಯಾವ ಕಟ್ಟಡ ದುರಸ್ತಿಯಾದೀತು, ಯಾವುದು ತಲೆಯ ಮೇಲೆ ಬಿದ್ದೀತು ಎಂದು ನೋಡಿ ಹೇಳುವ ಇಂಜಿನಿಯರ್ ನಾನು. ಕೇಳಿದವರು, “ಭಾಳ ಆರಾಮ ಕೆಲಸ ಬಿಡ್ರಿ ನಿಮ್ದು” ಅನ್ನುತ್ತಾರೆ.

ಗೋಕಾಕದ ನವಿಲು

ರಸ್ತೆ ಅಗಲ ಮಾಡುತ್ತಾರಂತೆ ಎಂಬ ಸುದ್ದಿ ಗೋಕಾಕದ ಪೇಟೆಯಲ್ಲಿ ಹಬ್ಬಿತ್ತು. ನನಗದು ಗೊತ್ತಿರಲಿಲ್ಲ. ಒಂದು ಬಟ್ಟೆ ಅಂಗಡಿಯ ಗೋಡೆಗೆ ಟೇಪು ಹಚ್ಚಿದ್ದೇ ತಡ, ಸಾಲಾಗಿ ಶಟರ್ ಇಳಿದವು. ಜನ ಸುತ್ತುಗಟ್ಟಿದರು.

ಅಂಗಡಿ ಮಾಲಕ ಟೇಪಿನ ತುದಿ ಹಿಡಿದು ಜಗ್ಗಿದ. “ಇವತ್ತ ಗುರ್ತು ಹಾಕಿ, ನಾಳೆ ಜೆಸಿಬಿ ತರಾವರೇನ್ರಿ?”

ನಾನು ಇನ್ನೊಂದು ತುದಿ ಬಿಡಲಿಲ್ಲ. “ಕೆಡವಾಕ ಬಂದಿಲ್ರಿ. ನಿಮ್ಮ ಕಟ್ಟಡ ಚಂದ ಐತಿ, ನಕ್ಷೆ ತೆಗದಿಡೂಣು ಅಂತ ಬಂದೇನಿ.”

“ಚಂದ? ಎಲ್ಲಿ ಐತಿ?”

ನಾನು ಮೇಲೆ ಬೆರಳು ಮಾಡಿದೆ. ಅಲ್ಲಿ ಸೀರೆಗಳ ದೊಡ್ಡ ಫ್ಲೆಕ್ಸ್ ಇತ್ತು, ಅದರ ಅಂಚಿನಿಂದ ಹಳೆ ಕೆತ್ತನೆಯ ತುದಿ ಇಣುಕುತ್ತಿತ್ತು. ಅವನೇ ಏಣಿ ಹಾಕಿ ಅದರ ಒಂದು ಮೂಲೆ ಎತ್ತಿದ. ಹಿಂದೆ ಕಟ್ಟಿಗೆಯಲ್ಲಿ ಕೆತ್ತಿದ ಜೋಡಿ ನವಿಲು! ಜನ ಬಾಯಿ ತೆರೆದು ನೋಡಿದರು. ಸದ್ಯ ಬದುಕಿಕೊಂಡೆ ಎಂದು ಟೇಪು ಸುತ್ತಿದೆ.

ಅಷ್ಟರಲ್ಲಿ ಬಾಜೂ ಅಂಗಡಿಯವನು ಅಡ್ಡ ಬಂದ. ಅವನ ಸಿಟ್ಟು ಇಳಿದಿರಲಿಲ್ಲ. “ನಮ್ಮ ಅಂಗಡಿ ಅಳೀದ ಹೆಂಗ ಹೊಂಟ್ರಿ? ನಮ್ದೇನು ಚಂದಿಲ್ಲೇನು?”

ಹುಕ್ಕೇರಿಯ ಮಾಳಿಗೆ

ಹುಕ್ಕೇರಿಯಲ್ಲಿ ಒಂದು ವಾಡೆ, ಹಳೇ ಕಾಲದ ದೊಡ್ಡ ಮನೆ. ಕೆಳಗೆ ಕಟಿಂಗ್ ಅಂಗಡಿ, ಮೇಲೆ ಹಲಗೆ ಹಾಸಿದ ಮಾಳಿಗೆ. ತೊಲೆಗೆ ಗೆದ್ದಲು ಹಿಡಿದಿದೆಯೋ ನೋಡಲು ಚಪ್ಪಲಿ ಬಿಟ್ಟು ಮೇಲೆ ಹತ್ತಿದೆ. ತೊಲೆ ಗಟ್ಟಿಯಾಗೇ ಇತ್ತು. ಗೆದ್ದಲು ಹಿಡಿದದ್ದು ನಾನು ನಿಂತ ಹಲಗೆಗೆ.

ಲಟಕ್ ಅಂತ ಅದು ಮುರಿದು, ನನ್ನ ಒಂದು ಕಾಲು ಮೊಣಕಾಲಿನವರೆಗೆ ಕೆಳಗೆ ಇಳಿಯಿತು. ಕೆಳಗೆ ಕಟಿಂಗ್ ಅಂಗಡಿಯವನು ಆಗ ಒಬ್ಬ ಗಿರಾಕಿಯ ಗಂಟಲ ಹತ್ತಿರ ಕತ್ತಿ ಆಡಿಸುತ್ತಿದ್ದನೆಂದು ನನಗೆ ಗೊತ್ತಿತ್ತು. ಏಣಿ ಹತ್ತುವಾಗ ನೋಡಿದ್ದೆ. ಕೂಗಿದರೆ ಅವನ ಕೈ ನಡುಗೀತು, ಮಿಸುಕಿದರೆ ಇನ್ನೊಂದು ಹಲಗೆ ಹೋದೀತು. ಉಸಿರು ಬಿಗಿ ಹಿಡಿದೆ. ಕೆಳಗೂ ಸದ್ದಿಲ್ಲ.

ಕೊನೆಗೆ ಕತ್ತಿ ಬಟ್ಟಲಿಗೆ ಇಟ್ಟ ಸಪ್ಪಳ ಕೇಳಿತು. ಅವನು ನನ್ನ ಕಾಲುಂಗುರ ನೋಡಿರಬೇಕು. ಬಹಳ ಮರ್ಯಾದೆಯಿಂದ ಹೇಳಿದ: “ಅಕ್ಕಾರ, ಇಲ್ಲಿ ಹೆಣ್ಮಕ್ಕಳಿಗೆ ಮಾಡೂದಿಲ್ರಿ.”

ಮೂಡಲಗಿಯ ನಡುಗೋಡೆ

ಮೂಡಲಗಿ ಪೇಟೆಯಲ್ಲಿ ಒಂದು ಹಳೆ ಕಟ್ಟಡ, ಎರಡು ಕಿರಾಣಿ ಅಂಗಡಿ, ನಡುವೆ ಒಂದೇ ಮಣ್ಣಿನ ಗೋಡೆ. ಅಣ್ಣ ಈ ಕಡೆ, ತಮ್ಮ ಆ ಕಡೆ. ಗೋಡೆ ನನ್ನದು ನನ್ನದು ಎಂದು ಜಗಳಾಡಿ ಮಾತು ಬಿಟ್ಟು ಎಷ್ಟೋ ವರ್ಷವಾಗಿತ್ತು. ನಾನು ಹೋದ ದಿನ ಆ ಗೋಡೆ ಬಸುರಿಯ ಹೊಟ್ಟೆಯಂತೆ ಉಬ್ಬಿತ್ತು. ಮಣ್ಣು ಸುರ್ ಸುರ್ ಎಂದು ಉದುರುತ್ತಿತ್ತು.

“ಮೊದ್ಲ ಹೊರಗ ಬರ್ರಿ!” ಎಂದು ಕೂಗಿದೆ. ಗಿರಾಕಿಗಳು ಓಡಿ ಬಂದರು. ಅಣ್ಣ ಗಾದಿ ಬಿಟ್ಟು ಏಳಲಿಲ್ಲ.

“ಗ್ವಾಡಿ ಅವಂದ್ರಿ. ಅಂವ ಓಡ್ಲಿ.”

ತಮ್ಮನ ಕಡೆ ಓಡಿದೆ. “ಅಣ್ಣಂದ್ರಿ ಅದು. ನಾ ಯಾಕ ಹೆದರ್ಲಿ?”

ಆಗ ಮೇಲಿನಿಂದ ಒಂದು ಮಣ್ಣಿನ ಹೆಂಟೆ ಧಪ್ಪನೆ ಬಿತ್ತು. ಎರಡೂ ಅಂಗಡಿ ಧೂಳಿನಲ್ಲಿ ಮುಳುಗಿದವು. “ತಮ್ಮಾ!” ಎಂದು ಅಣ್ಣ ಚೀರಿ, ನನ್ನನ್ನು ಆಚೆ ನೂಕಿ, ಮುಂಬಾಗಿಲಿನಿಂದ ತಮ್ಮನ ಅಂಗಡಿಗೆ ನುಗ್ಗಿದ. ನಾನು ಹಿಡಿದ ಅಂಗಿ ಕೈಯಲ್ಲೇ ಹರಿಯಿತು. ಹಿತ್ತಲ ಕಡೆಯಿಂದ “ಅಣ್ಣಾ! ಎಲ್ಲಿದ್ದೀಯೋ!” ಎಂಬ ಕೂಗು. ತಮ್ಮ ಹಿಂಬಾಗಿಲಿನಿಂದ ಅಣ್ಣನ ಅಂಗಡಿಗೆ ಹೋಗಿದ್ದ.

ಗೋಡೆಯ ನಡುಭಾಗ ಕುಸಿಯಿತು. ನೆಲ ಅದುರಿತು. ಆಮೇಲೆ ಒಂದು ಕೆಮ್ಮೂ ಕೇಳಲಿಲ್ಲ. ಇಬ್ಬರೂ ಹೋದರು ಅಂದುಕೊಂಡೆ.

ಧೂಳು ಮೆಲ್ಲಗೆ ಇಳಿಯಿತು. ದೊಡ್ಡ ತೂತಿನ ಆಚೀಚೆ ಮಣ್ಣು ಮೆತ್ತಿದ ಎರಡು ಮುಖ, ಬಿಳಿ ಕಣ್ಣು ಬಿಟ್ಟುಕೊಂಡು ಒಂದನ್ನೊಂದು ನೋಡುತ್ತಿದ್ದವು. ತಮ್ಮನ ಗಲ್ಲದ ಮೇಲೆ ಕಣ್ಣೀರು ಎರಡು ಗೆರೆ ಎಳೆದಿತ್ತು. ಅಣ್ಣನ ತುಟಿ ಅದುರುತ್ತಿತ್ತು. ಇಷ್ಟು ವರ್ಷದ ಮೇಲೆ ಮೊದಲ ಮಾತು ಈಗ ಬರುತ್ತದೆ ಎಂದು ಇಡೀ ಪೇಟೆ ಉಸಿರು ಹಿಡಿದು ನಿಂತಿತು.

ಅಣ್ಣ ಬಾಯಿ ತೆರೆದ.

“ಲೇ, ನನ್ನ ಅಂಗಡ್ಯಾಗ ನಿಂದೇನು ಕೆಲಸ?”