ವಿಶ್ರಾಂತಿ ಕೊಠಡಿಗೆ ಹೋಗಿಬಂದ ಮಂಚ

ಬೈಸಿಕೊಳ್ಳುವುದಕ್ಕಿಂತ ಹೊಗಳಿಸಿಕೊಳ್ಳುವುದು ಕಷ್ಟದ ಕೆಲಸ ಎಂದು ನನಗೆ ಇತ್ತೀಚೆಗೆ ಗೊತ್ತಾಗಿದೆ. ಬೈಯುವಾಗ ತಲೆ ತಗ್ಗಿಸಿ ನಿಂತರೆ ಸಾಕು, ಹೊಗಳುವಾಗ ಈ ಮುಖವನ್ನು ಎಲ್ಲಿಡಬೇಕೋ ತಿಳಿಯುವುದಿಲ್ಲ. ನಮ್ಮ ಕಾಲೇಜಿಗೆ ಈ ಸಲ ಒಳ್ಳೆಯ ಗ್ರೇಡ್ ಬಂದಿದೆ. ಕೊಪ್ಪದ ಬಸ್ ನಿಲ್ದಾಣದಲ್ಲಿ, ಹೋಟೆಲಿನಲ್ಲಿ, ಕೊನೆಗೆ ಕ್ಷೌರದಂಗಡಿಯಲ್ಲೂ ಜನ ಹಿಡಿದು ನಿಲ್ಲಿಸಿ, "ಎಲ್ಲ ನಿಮ್ಮಿಂದಲೇ ಆಯ್ತಂತಲ್ಲ ಮಾರಾಯ್ರೆ!" ಎನ್ನುತ್ತಾರೆ. ನಾನು ಕೂಡಲೇ ಅಡಿಕೆ ರೇಟು ಹೇಗಿದೆ ಎಂದು ಕೇಳುತ್ತೇನೆ. ನನಗೆ ಒಂದು ಅಡಿಕೆ ಮರವೂ ಇಲ್ಲ. ಆದರೆ ಈ ಕಡೆ ಮಾತು ತಪ್ಪಿಸಲು ಅದಕ್ಕಿಂತ ಒಳ್ಳೆಯ ವಿಷಯ ಇನ್ನೂ ಹುಟ್ಟಿಲ್ಲ.

ನಾನು ಅರ್ಥಶಾಸ್ತ್ರದ ಮೇಷ್ಟ್ರು. ಕಾಲೇಜುಗಳನ್ನು ನೋಡಿ ಗ್ರೇಡ್ ಕೊಡುವ ತಂಡ ಬರುತ್ತದೆ ಎಂದಾಗ ನಮ್ಮ ಪ್ರಾಂಶುಪಾಲರು ಒಬ್ಬೊಬ್ಬರಿಗೆ ಒಂದೊಂದು ಕೆಲಸ ಹಂಚಿದರು. ನನ್ನ ಪಾಲಿಗೆ ಬಂದದ್ದು ಹೆಣ್ಣುಮಕ್ಕಳ ವಿಶ್ರಾಂತಿ ಕೊಠಡಿ. ಹೋಗಿ ನೋಡಿದರೆ ಅಲ್ಲಿ ಗಾಳಿ ಹೋದ ವಾಲಿಬಾಲುಗಳೂ ಮುರಿದ ಬೆಂಚುಗಳೂ ವಿಶ್ರಾಂತಿ ತೆಗೆದುಕೊಳ್ಳುತ್ತಿದ್ದವು. "ಎಂತ ಮಾಡೂದು ಸರ್?" ಎಂದೆ. "ಮನೇಲಿ ಕಾರ್ಯ ಆದ್ರೆ ಎಂತ ಮಾಡ್ತೀರಿ? ಹಾಗೇ ಮಾಡಿ ಮಾರಾಯ್ರೆ," ಎಂದರು.

ನಮ್ಮಲ್ಲಿ ಮನೆಯಲ್ಲಿ ಮದುವೆಯೋ ಮುಂಜಿಯೋ ಆದರೆ ಅಕ್ಕಪಕ್ಕದ ಮನೆಗಳಿಂದ ಹಂಡೆ, ಕೊಳಗ, ಜಮಖಾನೆ ಬರುತ್ತವೆ, ಊಟ ಮುಗಿದ ಮಾರನೆಯ ದಿನ ತೊಳೆದುಕೊಂಡು ತಂತಮ್ಮ ಮನೆಗೆ ಹೋಗುತ್ತವೆ. ನಾವು ಗ್ರೇಡಿನ ಕಾರ್ಯವನ್ನೂ ಹಾಗೆಯೇ ನಡೆಸಿದೆವು. ಇಂಗ್ಲಿಷ್ ಮೇಡಂ ಮನೆಯಿಂದ ಕಿಟಕಿಗೆ ಪರದೆ ಬಂತು, ಗುಮಾಸ್ತರ ಮನೆಯಿಂದ ನಿಲುವುಗನ್ನಡಿ ಬಂತು, ಲೈಬ್ರರಿಯವರ ಮನೆಯಿಂದ ತಾಮ್ರದ ಕೊಡ. ಮಂಚ ನನ್ನದು. ನನ್ನದೆಂದರೆ ನನ್ನ ಹೆಂಡತಿ ಸುಮಿತ್ರಾಳದ್ದು, ಶೆಟ್ಟಿಕೊಪ್ಪದ ತವರಿನಿಂದ ಬಂದ ಬೀಟೆ ಮರದ ಮಂಚ. "ಅಮ್ಮ ಬರ್ತಾಳೆ. ತಂಡದವ್ರು ಹೋದ ಸಂಜೆಯೇ ವಾಪಸ್ ಬರ್ಬೇಕು ನೋಡಿ," ಎಂದು ಹೇಳಿಯೇ ಕೊಟ್ಟಳು. ನಾನು ಧಾರಾಳವಾಗಿ ಒಪ್ಪಿಕೊಂಡೆ. ತಪ್ಪೇನಾದರೂ ಇದೆ ಎಂದು ಆಗ ಅನ್ನಿಸಲೇ ಇಲ್ಲ, ಅದೇ ಈಗ ಹೆಚ್ಚು ನಾಚಿಕೆಯ ಸಂಗತಿ.

ತಂಡ ಬಂತು. ಅಧ್ಯಕ್ಷರು ಉತ್ತರದ ಕಡೆಯ ಹಿರಿಯರು, ನಿಧಾನಸ್ಥರು. ತಾಮ್ರದ ಕೊಡದ ಕುತ್ತಿಗೆಯ ಮೇಲೆ "ಶಾರದೆಯ ಮದುವೆಗೆ ಸೋದರತ್ತೆಯಿಂದ" ಎಂದು ಕೆತ್ತಿದ್ದನ್ನು ಬೆರಳಿನಿಂದ ಮುಟ್ಟಿ, ಇದೇನು ಎಂದು ಕೇಳಿದರು. ನಮ್ಮ ಪ್ರಾಂಶುಪಾಲರು ಕಣ್ಣು ಮಿಟುಕಿಸದೆ, ದಾನಿಗಳ ಹೆಸರು ಎಂದರು. ಊರವರ ಸಹಕಾರ ಚೆನ್ನಾಗಿದೆ ಎಂದು ಅಧ್ಯಕ್ಷರು ತಲೆದೂಗಿದರು. ಹುಡುಗಿಯರ ಬೇಕುಬೇಡಗಳ ಮೇಲೆ ನಾನು ಇಂಗ್ಲಿಷಿನಲ್ಲಿ ಬಾಯಿಪಾಠ ಮಾಡಿದ್ದ ಭಾಷಣವನ್ನು ಅಲ್ಲಿಯೇ ಒಪ್ಪಿಸಿದೆ.

ಮಂಚದ ಮೇಲೆ ಒಬ್ಬ ಹುಡುಗಿ ಮಲಗಿದ್ದಳು. ನಾವು ಮಲಗಿಸಿದ್ದಲ್ಲ, ನಿಜವಾಗಿ ಹೊಟ್ಟೆನೋವು ಬಂದು ಮಲಗಿದ್ದಳು. ಹೆಸರು ವಿದ್ಯಾ, ಸಿರಿಮನೆ ಕಡೆಯವಳು. ಬೆಳಿಗ್ಗೆ ಕತ್ತಲಲ್ಲೇ ಹೊರಟು, ಶೃಂಗೇರಿಯಲ್ಲಿ ಬಸ್ಸು ಬದಲಿಸಿ ಬರುವವಳು. ಗಡಬಡಿಸಿ ಎದ್ದು ಕೂತು, "ನಮ್ಮ ಕಡೆಗೆ ಮಧ್ಯಾಹ್ನ ಬಸ್ಸಿಲ್ಲ ಸರ್. ಹುಷಾರಿಲ್ದಿದ್ರೂ ಸಂಜೆವರೆಗೆ ಲೈಬ್ರರಿ ಮೇಜಿಗೆ ತಲೆ ಇಟ್ಕೊಂಡು ಕೂರೂದಾಗಿತ್ತು. ಈಗ ನಮ್ಮ ಸರ್ ಈ ರೂಮ್ ಮಾಡಿಸಿ ಕೊಟ್ರು," ಎಂದಳು. ಇಂಗ್ಲಿಷ್ ಮೇಡಂ ಅದನ್ನು ಇಂಗ್ಲಿಷಿಗೆ ತಂದರು. ಅಧ್ಯಕ್ಷರು ನನ್ನ ಕೈ ಕುಲುಕಿದರು. ನಾನು ಉಬ್ಬಿಹೋದೆ. ಮಂಚ ಒಯ್ಯಲು ಸಂಜೆಗೆ ಪಿಕಪ್ ಗಾಡಿ ಗೊತ್ತುಮಾಡಿದ್ದು ಸಹ ಆ ಗಳಿಗೆಯಲ್ಲಿ ಮರೆತುಹೋಗಿತ್ತು.

ಪಿಕಪ್ಪಿನವನು ಮರೆತಿರಲಿಲ್ಲ. ತಂಡದ ಕಾರು ತಿರುವು ದಾಟುತ್ತಿದ್ದಂತೆ ಪರದೆ ಇಳಿಯಿತು, ಕನ್ನಡಿ ಹೊರಟಿತು, ಕೊಡ ಸ್ಕೂಟರಿನ ಮುಂದೆ ಕೂತಿತು. ನಾನು ಮಂಚಕ್ಕೆಂದು ಹೋದಾಗ ವಿದ್ಯಾ ಸಂಜೆ ಬಸ್ಸಿಗೆ ಹೊರಡುವ ಮುಂಚೆ ಹಾಸಿಗೆ ಕೊಡವಿ, ಹೊದಿಕೆ ಮಡಿಸುತ್ತಿದ್ದಳು. ನಾಳೆ ಬರುವವರಿಗೆ ಚೊಕ್ಕಟವಾಗಿರಲಿ ಎಂದು.

ನಾನು ಮಂಚದ ಒಂದು ತುದಿ ಹಿಡಿದದ್ದು ಕಂಡು, "ಎಂತ ಸರ್, ಬೇರೆ ಮಂಚ ಬರ್ತದಾ?" ಎಂದಳು.

"ಹಾಂ... ನೋಡುವ," ಎಂದೆ.

ಹೊರಗಿನಿಂದ ಪಿಕಪ್ಪಿನವನು, "ಮೇಷ್ಟ್ರೆ, ಬೇಗ ತನ್ನಿ, ನಿಮ್ಮನೆಗೆ ಇಳಿಸಿ ಮತ್ತೆ ಮೇಗುಂದಕ್ಕೆ ಹೋಗ್ಬೇಕು," ಎಂದು ಕೂಗಿದ. ಹುಡುಗಿಗೆ ಅರ್ಥವಾಯಿತು. ಚೀಲ ಕೆಳಗಿಟ್ಟು ಮಂಚದ ಇನ್ನೊಂದು ತುದಿ ಹಿಡಿದಳು. "ನಿಧಾನ ಸರ್, ಬಾಗಿಲಿಗೆ ತಾಗ್ತದೆ," ಎಂದದ್ದು ಬಿಟ್ಟರೆ ಬೇರೆ ಮಾತಿಲ್ಲ. ನಾಲ್ಕು ಮಾತು ಬೈದಿದ್ದರೆ ನಾನೂ ಸಂಬಳ, ಅನುದಾನ, ಸರ್ಕಾರ ಎಂದು ಏನಾದರೂ ಒದರಬಹುದಿತ್ತು. ಹೊಟ್ಟೆನೋವಿನ ಹುಡುಗಿಯ ಕೈಯಲ್ಲಿ ಅವಳ ಮಂಚವನ್ನೇ ಹೊರಿಸಿದ ಮನುಷ್ಯ ನಾನು.

ಅತ್ತೆಯವರು ಬರಲಿಲ್ಲ, ಮಂಡಿನೋವಂತೆ. ಒಗೆದು ಒಣಗಿಸಿದ ಬಟ್ಟೆಗಳೆಲ್ಲ ಈಗ ಆ ಮಂಚದ ಮೇಲೆ ಹಾಯಾಗಿ ಬಿದ್ದುಕೊಂಡಿವೆ. ಕಾಲೇಜಿನ ಕೋಣೆಗೆ ವಾಲಿಬಾಲುಗಳು ಮರಳಿವೆ, ಬಾಗಿಲ ಮೇಲೆ ಬರೆಸಿ ಹಾಕಿದ "ವಿಶ್ರಾಂತಿ ಕೊಠಡಿ" ಎಂಬ ಹೊಸ ಬೋರ್ಡು ಮಾತ್ರ ಹಾಗೆಯೇ ಇದೆ. ವಾರ್ಷಿಕೋತ್ಸವದಲ್ಲಿ ನನಗೆ ಶಾಲು ಹೊದಿಸಿದರು. ಹುಡುಗಿಯರು ಕೂತ ಕಡೆ ನೋಡದೆ, ಫ್ಯಾನು ನೋಡುತ್ತಾ ಹೊದಿಸಿಕೊಂಡೆ.

ಮೊನ್ನೆ ಮಧ್ಯಾಹ್ನ ಲೈಬ್ರರಿಗೆ ಹೋದರೆ ವಿದ್ಯಾ ಮೇಜಿಗೆ ತಲೆಯಿಟ್ಟು ಕೂತಿದ್ದಳು. ನನ್ನನ್ನು ಕಂಡು ಎದ್ದು ನಿಲ್ಲಲು ಹೋದಳು. "ಕೂತ್ಕೋ ಮಾರಾಯ್ತಿ," ಎಂದೆ. ಕೂತು ಕೇಳಿದಳು, "ಸರ್, ಆ ತಂಡದವ್ರು ಇನ್ನು ಯಾವಾಗ ಬರ್ತಾರೆ?" ದನಿಯಲ್ಲಿ ಕೊಂಕಿರಲಿಲ್ಲ, ಬಸ್ಸಿನ ಸಮಯ ಕೇಳುವ ಹಾಗೆ ಕೇಳಿದಳು. ಇನ್ನೂ ಕೆಲವು ವರ್ಷ ಆಗುತ್ತದೆ ಎಂದೆ. "ಅಷ್ಟೊತ್ತಿಗೆ ನಮ್ದು ಡಿಗ್ರಿ ಮುಗಿದಿರ್ತದೆ," ಎಂದು ಮತ್ತೆ ತಲೆಯಿಟ್ಟಳು.

ಮನೆಗೆ ಬಂದವನೇ ಮಂಚದ ಮೇಲಿನ ಬಟ್ಟೆಗಳನ್ನು ಎತ್ತಿ ಕುರ್ಚಿಗೆ ಹಾಕತೊಡಗಿದೆ. ಸುಮಿತ್ರಾ ಬಾಗಿಲಲ್ಲಿ ನಿಂತು, "ಕಾಲೇಜಿಗೆ ಮತ್ತೆ ಯಾರು ಬರ್ತಾರ್ರೀ?" ಎಂದಳು.

"ಯಾರೂ ಇಲ್ಲ."

"ಯಾರೂ ಬರೂದಿಲ್ಲ ಅಂದ್ಮೇಲೆ ಮಂಚ ಎಂತಕ್ಕೆ?"

ಹುಡುಗಿಯರಿಗೆ ಎಂದರೆ ಆಗಿತ್ತು, ಒಂದೇ ಪದ. ತಂಡದವರ ಮುಂದೆ ಅದನ್ನೇ ಇಂಗ್ಲಿಷಿನಲ್ಲಿ ಎಳೆದೆಳೆದು ಹೇಳಿ ಗ್ರೇಡ್ ತಂದವನು ನಾನು. ಹೆಂಡತಿಯ ಮುಂದೆ ಕನ್ನಡದಲ್ಲಿ ಹೇಳಲು ನಾಲಿಗೆ ಏಳಲಿಲ್ಲ.