ವೊಲ್ಕೆನ್ನನ ಹೆಂಡತಿ ಮಾಡಿದ ಒಗ್ಗರಣೆ

ಗಾಂಧಿನಗರ ಓಣಿಯ ಹಾರ್ಮೋನಿಯಂ ಮಾಸ್ತರ ಜಂಬಣ್ಣ ಆ ಬೆಳಿಗ್ಗೆ ಸುಮ್ಮನೆ ಚಹಾ ಕುಡಿದು ಎದ್ದಿದ್ದರೆ ಆಗಿತ್ತು. ಸಿನಿಮಾ ಸಂಘದ ಕಾರ್ಯದರ್ಶಿ ವಿಜಯಕುಮಾರನ ಮುಂದೆ, “ಎಮಿಲ್ ವೊಲ್ಕೆನ್ ಗೊತ್ತೇನ್ರಿ? ಜರ್ಮನಿಯ ಸಿನಿಮಾ ಸಂಗೀತಗಾರ. ಅವನ ಚರಿತ್ರಿ ಪೂರಾ ನನ್ನ ಬಾಯಾಗೈತಿ” ಅಂದುಬಿಟ್ಟ. ನಿಜಕ್ಕೂ ಗೊತ್ತಿದ್ದದ್ದು ಹಳೆಯ ರೆಕಾರ್ಡೊಂದರ ಮೇಲಿನ ಹೆಸರು ಮಾತ್ರ.

“ಇವತ್ತ ಸಂಜಿ ಮಾತಾಡಬೇಕಾದವ್ರು ಕೈ ಕೊಟ್ಟಾರ. ನೀವ ಬರ್ರಿ!” ಎಂದ ವಿಜಯಕುಮಾರ.

ಮಧ್ಯಾಹ್ನವೆಲ್ಲ ಮೊಬೈಲು ಕೆದಕಿದರೂ ಸಿಕ್ಕಿದ್ದು ಎರಡೇ ಸಾಲು. ಹುಟ್ಟಿದ, ಏಳು ಚಿತ್ರಗಳಿಗೆ ಸಂಗೀತ ಕೊಟ್ಟ, ಸತ್ತ. ಅಷ್ಟರಲ್ಲಿ ಎದುರುಮನೆಯ ಉಚ್ಚೆಂಗೆಮ್ಮ ಅವನ ಭಾಷಣ ಕೇಳಲು ಇಡೀ ಓಣಿಯನ್ನೇ ಹೊರಡಿಸಿದ್ದಳು.

ವೇದಿಕೆಯ ಮೇಲೆ ಆ ಎರಡು ಸಾಲು ಹಸಿ ಬೆಂಕಿಕಡ್ಡಿಯಂತೆ ಗೀರಿದೊಡನೆ ಆರಿಹೋದವು. ಮುಂದೇನು? ಜಂಬಣ್ಣನ ನಾಲಿಗೆ ತನಗೆ ಗೊತ್ತಿದ್ದ ಒಂದೇ ದಾರಿ ಹಿಡಿಯಿತು.

“ಮೊದಲ್ನೇ ಸಿನಿಮಾಕ್ಕ ಎರಡು ವರ್ಷ ದುಡಿದ್ನ್ರಿ ಪಾಪ. ಓಣಿ ಮಂದಿನೆಲ್ಲ ಕರ್ಕೊಂಡು ಟಾಕೀಸಿಗೆ ಹೋದ್ರ, ಅವನ ಹಾಡು ಒಂದೂ ಇಲ್ಲ. ಹೆಸರೂ ಇಲ್ಲ. ಮಂದಿ ಪರದೆ ಬಿಟ್ಟು ಅವನ ಮುಖ ನೋಡಿದ್ರು.”

ಉಚ್ಚೆಂಗೆಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡಳು. ಹಿಂದಿನ ಸಾಲುಗಳಲ್ಲೂ ಮೂಗೊರೆಸುವ ಸದ್ದು. ಮುಂದೆ ಕೂತಿದ್ದ ಹೆಂಡತಿ ಸುಮಂಗಲಾ ಮಾತ್ರ ತಲೆ ತಗ್ಗಿಸಿದಳು. ಜಂಬಣ್ಣ ನೋಡಿದ, ಆದರೂ ನಾಲಿಗೆ ನಿಲ್ಲಲಿಲ್ಲ.

“ಮನಿಯಾಗ ಅವನ ಹೇಂತಿ ಎಲ್ಲರಿಗೂ ಹಂಚಾಕಂತ ಮಂಡಕ್ಕಿ ಒಗ್ಗರಣಿ, ಮಿರ್ಚಿ ಮಾಡಿಟ್ಟಿದ್ಳು...”

“ಜರ್ಮನಿಯಾಗ ಒಗ್ಗರಣಿ ಮಿರ್ಚಿ ಸಿಗ್ತಾವೇನ್ರಿ?” ಹಿಂದಿನಿಂದ ಯಾರೋ ಕೂಗಿದರು.

ಸಭೆ ಗೊಳ್ಳೆಂದಿತು. ಜಂಬಣ್ಣನಿಗೆ ನಿಂತ ಹಲಗೆ ಬಾಯಿ ಬಿಡಬಾರದೇ ಅನಿಸಿತು. ಮೈಕನ್ನು ಬಾಯಿಗೆ ಹತ್ತಿರ ತಂದ.

“ತಪ್ಪಾತ್ರಿ. ವೊಲ್ಕೆನ್ ಬಗ್ಗೆ ನನಗೇನೂ ಗೊತ್ತಿಲ್ಲ. ಇಪ್ಪತ್ತು ವರ್ಷದ ಹಿಂದ ಕುರುಗೋಡಿನಾಗ ನನಗಾಗಿದ್ದನ್ನ ಹೇಳಿದೆ.”

ಉಚ್ಚೆಂಗೆಮ್ಮ ಸೆರಗು ಕೊಡವಿ ಎದ್ದಳು.

“ನಿಂದು ಅಂತ ಮೊದ್ಲ ಹೇಳಿದ್ರ ನಾನ್ಯಾಕ ಅಳ್ತಿದ್ನೆಪ್ಪಾ? ಸುಮ್ಮನ ಕಣ್ಣೀರು ದಂಡ!”

ಜನ ಚಪ್ಪಲಿ ಹುಡುಕತೊಡಗಿದರು. ಸಿರುಗುಪ್ಪದ ಸಂಘದ ಮಲ್ಲಯ್ಯನೊಬ್ಬನೇ ವೇದಿಕೆ ಹತ್ತಿ ಬಂದು ಜಂಬಣ್ಣನ ಹೆಗಲ ಮೇಲೆ ಕೈಯಿಟ್ಟ.

“ಮಾಸ್ತರ, ಬರೋ ಐತವಾರ ನಮ್ಮೂರಿಗೆ ಬರ್ರಿ. ಇದನ್ನ ಹೇಳ್ರಿ. ಆದ್ರ ನಿಮ್ದು ಅಂತ ಬಾಯಿ ಬಿಡಬ್ಯಾಡ್ರಿ. ಜರ್ಮನಿಯವಂದು ಅಂದ್ರಷ್ಟ ಮಂದಿ ಕುಂದ್ರತಾರ.”

ಜಂಬಣ್ಣ ಸುಮಂಗಲಾಳತ್ತ ನೋಡಿದ. ಅವಳಿನ್ನೂ ತಲೆ ಎತ್ತಿರಲಿಲ್ಲ. ದನಿ ತಗ್ಗಿಸಿ ಮಲ್ಲಯ್ಯನನ್ನು ಕೇಳಿದ:

“ಎಷ್ಟು ಗಂಟಿಗ್ರಿ?”