ಇಪ್ಪತ್ನಾಲ್ಕು ವಾಟಿ ಉಪ್ಪಿಟ್ಟು

ಗಣಿತ ಕಲಿಸುವವರಿಗೆ ಗಣಿತ ಬರುತ್ತದೆ ಎಂಬ ನಂಬಿಕೆ ಜನರಲ್ಲಿ ಇನ್ನೂ ಗಟ್ಟಿಯಾಗಿದೆ. ಅದನ್ನು ಅಲುಗಾಡಿಸುವ ಆಸೆ ನನಗಂತೂ ಇರಲಿಲ್ಲ. ಬೆಳಗಾವಿಯ ಒಂದು ಶಾಲೆಯಲ್ಲಿ ನಾನು ಗಣಿತದ ಮಾಸ್ತರ. ತೊಟ್ಟಿಯಲ್ಲಿ ಮೊದಲೇ ಎರಡು ಕೊಡ ನೀರಿದೆ, ನಿಮಿಷಕ್ಕೊಂದು ಕೊಡ ಬೀಳುತ್ತದೆ, ಎಂಟು ನಿಮಿಷಕ್ಕೆ ಎಷ್ಟಾಯಿತು? "ಮೊದಲಿದ್ದದ್ದು ಒಮ್ಮೆ ಕೂಡಸ್ರೋ, ನಿಮಿಷಕ್ಕೊಮ್ಮೆ ಅಲ್ಲ!" ಎಂದು ಗಂಟಲು ಹರಿದುಕೊಳ್ಳುವುದೇ ನನ್ನ ಉದ್ಯೋಗ.

ಆ ಭಾನುವಾರ ಖಾನಾಪುರದಿಂದ ಹೆಣ್ಣಿನ ಕಡೆಯವರು ನಮ್ಮ ಮನೆ ನೋಡಲು ಬರುವವರಿದ್ದರು. ಹುಡುಗಿಯೂ ಬರುತ್ತಾಳಂತೆ! ಹಿಂದಿನ ಎರಡು ಸಂಬಂಧಗಳು ಮನೆ ನೋಡಿದ ಮೇಲೆಯೇ ಮುರಿದಿದ್ದವು. ಅಜ್ಜಿಗೆ ಮೊಣಕಾಲು ನೋವಾಗಿ ಉಪ್ಪಿಟ್ಟಿನ ಕೆಲಸ ನನ್ನ ತಲೆಗೆ ಬಂತು. "ತಲಿಗೊಂದು ವಾಟಿ ರವಾ ಹಾಕಪಾ. ಮ್ಯಾಲ ಎರಡು ವಾಟಿ, ಹೇಳದ ಬರೋರಿಗೆ" ಎಂದು ಕುಳಿತಲ್ಲಿಂದಲೇ ಹೇಳಿದಳು. ಹೇಳದೆ ಬಂದವರನ್ನೂ ಹಸಿದ ಹೊಟ್ಟೆಯಲ್ಲಿ ಕಳಿಸದಿರುವುದು ನಮ್ಮ ಮನೆಯ ಪದ್ಧತಿ. ಸರಿ, ಒಬ್ಬರಿಗಾದರೆ ಮೂರು ವಾಟಿ. ಬರುವವರು ಆರು ಮಂದಿ, ನಾವಿಬ್ಬರು. ಎಂಟು ಮೂರಲೆ ಇಪ್ಪತ್ನಾಲ್ಕು! ಕಣ್ಣ ಮುಂದೆ ಹುಡುಗಿಯ ಫೋಟೊ ಕುಣಿಯುತ್ತಿದ್ದರೂ ಲೆಕ್ಕ ಇಷ್ಟು ಸಲೀಸಾಗಿ ಬಂತಲ್ಲ ಎಂದು ನನ್ನ ಬೆನ್ನು ನಾನೇ ತಟ್ಟಿಕೊಂಡೆ.

ರವೆ ಅರಳಿತು ನೋಡಿ! ಪಾತೇಲಿ ತುಂಬಿತು, ಕುಕ್ಕರು ತುಂಬಿತು, ಉಳಿದದ್ದನ್ನು ರೊಟ್ಟಿಹಿಟ್ಟು ನಾದುವ ಪರಾತಕ್ಕೆ ಸುರಿದೆ. ಬಂದವರು ಎರಡೆರಡು ಸಲ ಹಾಕಿಸಿಕೊಂಡರೂ ಗುಡ್ಡ ಕರಗಲಿಲ್ಲ. ನೀರಿನ ನೆಪದಲ್ಲಿ ಒಳಗೆ ಬಂದ ಹುಡುಗಿ ಪರಾತ ಕಂಡು ನಿಂತುಬಿಟ್ಟಳು. ನಾನು ಅಜ್ಜಿಯ ಸೂತ್ರವನ್ನೂ ನನ್ನ ಗುಣಾಕಾರವನ್ನೂ ಹೆಮ್ಮೆಯಿಂದ ವಿವರಿಸಿದೆ.

"ಅಲ್ರಿ ಸರ, ಒಬ್ಬೊಬ್ಬರ ಹಿಂದ ಹೇಳದ ಬರೋರು ಇಬ್ಬಿಬ್ಬರು ನಿಂತಾರೇನ್ರಿ?"

ಎಂಟಕ್ಕೆ ಎರಡು ಕೂಡಿಸಿದ್ದರೆ ಮುಗಿದಿತ್ತು! ನಾನು ಇಂಗು ತಿಂದ ಮಂಗನಂತೆ ನಿಂತೆ. ಈ ಸಂಬಂಧವೂ ಹೋಯಿತು ಅಂದುಕೊಂಡೆ. ಅವಳೋ ಬಿದ್ದು ಬಿದ್ದು ನಕ್ಕು, "ಡಬ್ಬಿ ಕೊಡ್ರಿ, ಬಾಜು ಮನಿಗೆ ಹಂಚೂಣು" ಎಂದಳು.

ಮರುದಿನ ಖಾನಾಪುರದಿಂದ ಫೋನು ಬಂತು. ಒಪ್ಪಿಗೆ! ಕುಣಿದಾಡಿದೆ. ಓಣಿಗೆಲ್ಲ ಕುಂದಾ ಹಂಚಬೇಕೆಂದು ಮಿಠಾಯಿ ಅಂಗಡಿಗೆ ಓಡಿದೆ. "ಎಷ್ಟ ಕಟ್ಟಲ್ರಿ ಸರ?" ಎಂದ ಅಂಗಡಿಯವ. ನಾನು ಬಾಯಿ ತೆರೆದೆ, ಮುಚ್ಚಿದೆ, ಮೆಲ್ಲಗೆ ಪಕ್ಕಕ್ಕೆ ಸರಿದು ಖಾನಾಪುರಕ್ಕೆ ಫೋನು ಹಚ್ಚಿದೆ. ಮದುವೆ ಗೊತ್ತಾದ ಮೇಲೆ ಭಾವೀ ಹೆಂಡತಿಯೊಡನೆ ನಾನಾಡಿದ ಮೊದಲ ಪ್ರೀತಿಯ ಮಾತು ಇದು: "ನಮ್ಮ ಓಣ್ಯಾಗ ಹದಿನೈದು ಮನಿ ಅದಾವ್ರಿ. ಕುಂದಾ ಎಷ್ಟ ತಗೊಳ್ಳಲಿ?"